ಬೀಳಗಿಯ ಅಕ್ಕತಂಗಿಯರು

ಕಳೆದ ತಿಂಗಳು ವೈಟ್‌ಫೀಲ್ಡಿನಲ್ಲಿ ನೌಕರಿಯಲ್ಲಿರುವ ನನ್ನ ಹಳೆಯ ವಿದ್ಯಾರ್ಥಿಯೊಬ್ಬ ಫೋನು ಮಾಡಿ, "ಮೇಷ್ಟ್ರೇ, ಅಮೀರಬಾಯಿ ಕರ್ನಾಟಕಿ ಎಂದು ಹೆಸರು ಕಂಡೆ. ಈ 'ಕರ್ನಾಟಕಿ' ಅಂದರೇನು?" ಎಂದು ಕೇಳಿದ. ಆಗ ಚುಟುಕಾಗಿ ಹೇಳಿ ಮುಗಿಸಿದೆನಾದರೂ ಆ ಹೆಸರಿಗೂ ನನಗೂ ಹಳೆಯದೊಂದು ಲೆಕ್ಕ ಬಾಕಿಯಿದೆ. ಅದನ್ನು ಇಲ್ಲಿ ಬರೆದಿಡುತ್ತಿದ್ದೇನೆ.

ಗೋಹರಬಾಯಿ ಮತ್ತು ಅಮೀರಬಾಯಿ ಬೀಳಗಿಯ ಅಕ್ಕತಂಗಿಯರು. ಬೀಳಗಿ ಇಂದು ಬಾಗಲಕೋಟೆ ಜಿಲ್ಲೆಯಲ್ಲಿದೆ. ಅವರ ಕಾಲಕ್ಕೆ ಅದು ವಿಜಾಪುರ ಜಿಲ್ಲೆ, ಮುಂಬಯಿ ಪ್ರಾಂತ. ಹಾಡಿ ಹೊಟ್ಟೆ ಹೊರೆಯಬೇಕಾದವರಿಗೆ ಬೆಂಗಳೂರು ಬೇರೊಂದು ರಾಜ್ಯ, ಮುಂಬಯಿ ಸ್ವಂತ ರಾಜಧಾನಿ. ಮರಾಠಿ, ಗುಜರಾತಿ, ಉರ್ದು ಮಾತಿನ ಆ ಮಹಾನಗರದಲ್ಲಿ ಈ ಹೆಣ್ಣುಮಕ್ಕಳು ತಮ್ಮ ಹೆಸರಿನ ಮುಂದೆ 'ಕರ್ನಾಟಕಿ' ಎಂದು ಹಚ್ಚಿಕೊಂಡರು. ಏಕೀಕರಣವಾದದ್ದು 1956ರಲ್ಲಿ, ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬಂದದ್ದು 1973ರಲ್ಲಿ. ಅಷ್ಟರೊಳಗೆ ಈ ಇಬ್ಬರೂ ತೀರಿಕೊಂಡಿದ್ದರು. ನಾಡಿಗಿಂತ ಮೊದಲೇ ನಾಡಿನ ಹೆಸರನ್ನು ಗ್ರಾಮಫೋನ್ ತಟ್ಟೆಗಳ ಮೇಲೆ ಅಚ್ಚು ಹಾಕಿಸಿದವರು ಇವರು. ಪ್ರತಿ ನವೆಂಬರಿನಲ್ಲಿ ಭಾಷಣ ಮಾಡಿದ ನನಗೆ ಈ ಮಾತು ಹೊಳೆಯಲು ನಿವೃತ್ತಿಯಾಗಬೇಕಾಯಿತು.

ಗೋಹರಬಾಯಿಯವರದು ರಂಗಭೂಮಿ. ಮರಾಠಿ ಸಂಗೀತನಾಟಕದ ಚಕ್ರವರ್ತಿ ಬಾಲಗಂಧರ್ವರು ಸ್ತ್ರೀಪಾತ್ರಗಳಿಂದಲೇ ಪ್ರಸಿದ್ಧರಾದ ಪುರುಷ. 1913ರಲ್ಲಿ ಹುಟ್ಟಿದ ಅವರ ಗಂಧರ್ವ ನಾಟಕ ಮಂಡಳಿಯಲ್ಲಿ ಆರ್ಗನ್, ಸಾರಂಗಿಗಳ ಜೊತೆಗೆ ಒಂದು ಕಾಲಕ್ಕೆ ಅಹಮದ್ ಜಾನ್ ತಿರಕವಾ ಅವರ ತಬಲಾ ಇತ್ತು. ಗೋಹರಬಾಯಿ ಅವರ ಗಾಯನದ ರೀತಿಯನ್ನು ಅವರ ತಟ್ಟೆಗಳನ್ನು ಕೇಳಿಯೇ ಕಂಠಗತ ಮಾಡಿಕೊಂಡಿದ್ದರು. 1930ರ ದಶಕದ ಕೊನೆಗೆ ಅವರು ಮಂಡಳಿಯನ್ನು ಸೇರಿದಾಗ ಗಂಧರ್ವರಿಗೆ ಐವತ್ತು ವರ್ಷವಾಗಿತ್ತು. ಅವರು ಪುರುಷಪಾತ್ರಗಳತ್ತ ಸರಿದರು, ನಾಯಕಿಯ ಪಾತ್ರಗಳು ಗೋಹರಬಾಯಿಗೆ ಬಂದವು. ಗಂಡಸೊಬ್ಬನು ಕಟ್ಟಿದ ಹೆಣ್ಣಿನ ರೂಪವನ್ನು ನಿಜವಾದ ಹೆಣ್ಣೊಬ್ಬಳು ಕಲಿತು ಅವನೆದುರೇ ಹಾಡಿದಳು! ನೋಡಿದವರಿಗೆ ಅದೆಷ್ಟು ವಿಚಿತ್ರವೆನಿಸಿರಬೇಕು.

ಅಭಿಮಾನಿಗಳು ಮಾತ್ರ ಕ್ಷಮಿಸಲಿಲ್ಲ. ಗಂಧರ್ವರನ್ನು ಕೆಡಿಸಿದವಳು, ಮಂಡಳಿಯನ್ನು ಮುಳುಗಿಸಿದವಳು ಈ ಪರಧರ್ಮದ, ಪರಭಾಷೆಯ ಹೆಂಗಸು ಎಂಬ ಮಾತು ಬಹುಕಾಲ ನಡೆಯಿತು. ಇತಿಹಾಸದ ಮೇಷ್ಟ್ರಾಗಿ ಇಸವಿಗಳನ್ನಷ್ಟು ನೋಡೋಣ. ಮಂಡಳಿ ಭಾರೀ ಸಾಲಕ್ಕೆ ಬಿದ್ದದ್ದು 1920ರ ದಶಕದಲ್ಲಿ. ಗಂಧರ್ವರ ಅದ್ದೂರಿ ವೇಷಭೂಷಣ, ಅತ್ತರು ಪನ್ನೀರುಗಳ ಖರ್ಚು ಲೋಕಪ್ರಸಿದ್ಧ. ಮಾತಿನ ಚಿತ್ರಗಳು ಬಂದು ಕಂಪನಿಗಳ ಬುಡ ಅಲುಗಿಸಿದ್ದು ಆಮೇಲೆ. ಗಂಧರ್ವರೇ 1935ರಲ್ಲಿ 'ಧರ್ಮಾತ್ಮ' ಚಿತ್ರದಲ್ಲಿ ನಟಿಸಿದ್ದರು. ಇದೆಲ್ಲ ಆದ ಬಳಿಕ ಬಂದವರು ಗೋಹರಬಾಯಿ. ಗಂಧರ್ವರ ಕಾಲಿನ ಶಕ್ತಿ ಕುಂದಿದಾಗ ಕೊನೆಯತನಕ ಶುಶ್ರೂಷೆ ಮಾಡಿದವರೂ ಅವರೇ. 1964ರಲ್ಲಿ ಗಂಧರ್ವರಿಗೆ ಪದ್ಮಭೂಷಣ ಬಂತು. ಅದೇ ವರ್ಷ ಗೋಹರಬಾಯಿ ಕಣ್ಮುಚ್ಚಿದರು. ಮೂರು ವರ್ಷಕ್ಕೆ ಗಂಧರ್ವರೂ ಹೋದರು.

ತಂಗಿ ಅಮೀರಬಾಯಿ ಸಿನಿಮಾ ಹಿಡಿದರು. ನಾಟಕದ ಹಾಡು ಕಟ್ಟಕಡೆಯ ಸಾಲಿನವನಿಗೂ ಮುಟ್ಟುವಂತೆ ಎದೆಯಿಂದ ಬರಬೇಕು. ಮೈಕಿನೆದುರು ಅದೇ ದನಿಯನ್ನು ಹದಕ್ಕಿಳಿಸಬೇಕು. ಅಮೀರಬಾಯಿಯ ಕಂಠದಲ್ಲಿ ಎರಡೂ ಇದ್ದವು. 1943ರ 'ಕಿಸ್ಮತ್' ಕಲ್ಕತ್ತೆಯ ಒಂದೇ ಟಾಕೀಸಿನಲ್ಲಿ ಮೂರು ವರ್ಷಕ್ಕೂ ಮಿಕ್ಕಿ ಓಡಿತು. ಪರಕೀಯರು ತೊಲಗಲಿ ಎಂಬರ್ಥದ ಅದರ ಹಾಡನ್ನು ಖಾನ್ ಮಸ್ತಾನರೊಂದಿಗೆ ಹಾಡಿದವರು ಇವರು. ಮರುವರ್ಷ ನೌಷಾದರ 'ರತನ್'. 1948ರಲ್ಲಿ 'ಶಹನಾಜ್' ಚಿತ್ರಕ್ಕೆ ಸಂಗೀತ ನಿರ್ದೇಶನವನ್ನೂ ಮಾಡಿದರು. ಮನೆಯೊಳಗೆ ಸುಖವಿರಲಿಲ್ಲ. ಖಳನಟ ಹಿಮಾಲಯವಾಲಾನನ್ನು ಮದುವೆಯಾಗಿ, ಹಿಂಸೆ ಉಂಡು ಬಿಡುಗಡೆ ಪಡೆದರು. ಲತಾ ಮಂಗೇಶ್ಕರರ ತೆಳುದನಿ ಬಂದ ಮೇಲೆ ಹಿಂದಿ ಚಿತ್ರಗಳು ತುಂಬುದನಿಯ ಗಾಯಕಿಯರನ್ನು ಮರೆಯತೊಡಗಿದವು. ಅಮೀರಬಾಯಿ 1965ರಲ್ಲಿ ತೀರಿಕೊಂಡರು. ವಿಜಾಪುರದವರಿಗೆ 'ಅಮೀರ್ ಟಾಕೀಸ್' ಎಂಬ ಹೆಸರಾಗಿ ಉಳಿದರು. ರಹಮತ್ ತರೀಕೆರೆಯವರು ಇವರ ಬದುಕನ್ನು ಕನ್ನಡದಲ್ಲಿ ಬರೆದಿದ್ದಾರೆ, ದೊರೆತರೆ ಓದಿರಿ.

ಇನ್ನು ನನ್ನ ಲೆಕ್ಕ. 1984ರ ಜೂನ್ ತಿಂಗಳು. ಪೀಣ್ಯದ ಕಾರ್ಖಾನೆಗಳ ನಡುವಿನ ಒಂದು ಶಾಲೆಯಲ್ಲಿ ದಾಖಲಾತಿ ರಿಜಿಸ್ಟರು ಬರೆಯುವ ಕೆಲಸ ನನಗೆ ಬಿದ್ದಿತ್ತು. ಬಾಗಲಕೋಟೆ ಕಡೆಯ ಹೆಂಗಸೊಬ್ಬರು ಮಗಳನ್ನು ಐದನೆಯ ತರಗತಿಗೆ ಸೇರಿಸಲು ಬಂದರು. ನಾಟಕ ಕಂಪನಿಯೊಂದು ಮುಚ್ಚಿಹೋದ ಮೇಲೆ ಬೆಂಗಳೂರಿಗೆ ಬಂದು, ಕಾರ್ಖಾನೆಯೊಂದರಲ್ಲಿ ಕಸ ಗುಡಿಸುತ್ತಿದ್ದರು. ತಂದೆಯ ಹೆಸರು ಕೇಳಿದೆ. "ನನ್ನ ಹೆಸರ ಬರಕೋರಿ ಸರ್, ಆಕಿನ್ನ ಸಾಕಾಕಿ ನಾನ ಅದೀನಿ" ಎಂದರು. ಹಾಗೆ ಬರೆಯಲಾಗದೆಂದು ಹಿರಿಯರು ಒಳಗಿನಿಂದ ಕೂಗಿದರು. ಸರದಿಯಲ್ಲಿ ಹತ್ತಾರು ಜನ ನಿಂತಿದ್ದರು. ನಾನು ದನಿ ತಗ್ಗಿಸಲೂ ಇಲ್ಲ. "ಯಾವುದಾದರೂ ಒಂದು ಹೆಸರು ಹೇಳಿಯಮ್ಮ" ಎಂದುಬಿಟ್ಟೆ. ಆಕೆ ತುಸು ಹೊತ್ತು ಸುಮ್ಮನಿದ್ದು ಒಂದು ಹೆಸರು ಹೇಳಿದರು. ಅದು ಕಂಪನಿಯ ಹಾರ್ಮೋನಿಯಂ ಮಾಸ್ತರರದೆಂದು ಮುಂದೆ ತಿಳಿಯಿತು.

ಶಾಲೆಯ ವಾರ್ಷಿಕೋತ್ಸವದಲ್ಲಿ ಆ ಹುಡುಗಿ ಹಾಡಿದಾಗ ಮೈಕು ಕೈಕೊಟ್ಟಿತು. ದನಿ ಮಾತ್ರ ಬೇಲಿಯಾಚೆಗೂ ಕೇಳಿತು. ಯಾರು ಕಲಿಸಿದರೆಂದು ತಾಯಿಯನ್ನು ಕೇಳಿದೆ. "ನಮ್ಮ ಕಡಿಯಾಕಿ ಅಮೀರಬಾಯಿ ಹಾಡಿದ್ದು ದೇಶಾನ ಕೇಳಿತ್ರಿ ಸರ್" ಎಂದರು. ಆ ಹೆಸರನ್ನು ನಾನು ಮೊದಲು ಕೇಳಿದ್ದು ಅವರ ಬಾಯಿಂದಲೇ. ಎಂ.ಎ. ಮಾಡಿದ ಇತಿಹಾಸದ ಮೇಷ್ಟ್ರು ಯಾರಾಕೆ ಎಂದು ಕೇಳಿದ್ದೆ! ಏಳನೆಯ ತರಗತಿಯಾದ ಮೇಲೆ ಹುಡುಗಿ ಬಿಟ್ಟುಹೋದಳು. ವರ್ಗಾವಣೆ ಪತ್ರಕ್ಕೂ ಅದೇ ಸುಳ್ಳು ಹೆಸರನ್ನು ನಕಲು ಮಾಡಿಕೊಟ್ಟೆ.

ಅವಳಿಗೀಗ ಐವತ್ತು ದಾಟಿರಬೇಕು. ಅವಳು ಇದನ್ನು ಓದುತ್ತಿದ್ದರೆ ತಿಳಿಯಲಿ: ಆ ರಿಜಿಸ್ಟರಿನಲ್ಲಿರುವುದು ನನ್ನ ಕೈಬರಹ, ಅದನ್ನು ಬರೆಸಿದ್ದು ನಿನ್ನ ತಾಯಿಯಲ್ಲ.