ತ್ರಾಸ ಬರುವ ಮೊದಲು: ನಿಭಾವಣೆಯ ಅಧ್ಯಯನ ಮತ್ತು ಬೀದರ್ ಸೀಮೆ

ತನ್ನ ಶಕ್ತಿಗೆ ಮೀರಿದ್ದೆಂದು ತೋರುವ ಸನ್ನಿವೇಶದಲ್ಲಿ ಮನುಷ್ಯ ಮಾಡುವ ಯೋಚನೆ, ಹೂಡುವ ದುಡಿಮೆ, ಕೇಳುವ ನೆರವು ಇವೆಲ್ಲವನ್ನೂ ಒಟ್ಟಾಗಿ ಮನೋವಿಜ್ಞಾನ ನಿಭಾವಣೆ ಎಂದು ಕರೆಯುತ್ತದೆ. ಕಷ್ಟ ಬಂದೆರಗುವ ಮೊದಲೇ ಅದು ಆರಂಭವಾದರೆ ಪೂರ್ವಸಿದ್ಧತೆಯ ನಿಭಾವಣೆ ಎನಿಸಿಕೊಳ್ಳುತ್ತದೆ. ಬೀದರ್, ಭಾಲ್ಕಿ, ಔರಾದ್ ಕಡೆಯ ಮಾತಿನಲ್ಲಿ ತ್ರಾಸ, ಹೈರಾಣ ಎಂಬ ಪದಗಳು ಮೈಯ ದಣಿವನ್ನೂ ಮನಸ್ಸಿನ ಬೇಗುದಿಯನ್ನೂ ಬೇರೆ ಮಾಡದೆ ಹೇಳುತ್ತವೆ. ಒತ್ತಡದ ಅಧ್ಯಯನ ಮಾತ್ರ ಮೈಯಿಂದ ಹೊರಟು, ಮನಸ್ಸನ್ನು ಹಾದು, ಮನುಷ್ಯನ ಸುತ್ತಲಿನ ಆಸರೆಗಳತ್ತ ಬರಲು ಅರ್ಧ ಶತಮಾನ ತೆಗೆದುಕೊಂಡಿತು.

1936ರಲ್ಲಿ ಹ್ಯಾನ್ಸ್ ಸೆಲ್ಯೆ ಇಲಿಗಳ ಮೇಲಿನ ಪ್ರಯೋಗಗಳಿಂದ, ಚಳಿಯಾಗಲಿ ಗಾಯವಾಗಲಿ ವಿಷವಾಗಲಿ, ಕಾರಣ ಯಾವುದಿದ್ದರೂ ದೇಹ ಒಂದೇ ಬಗೆಯಲ್ಲಿ ಪ್ರತಿಕ್ರಿಯಿಸುತ್ತದೆ ಎಂದು ತೋರಿಸಿದ. ಒಂದೇ ಕಷ್ಟ ಒಬ್ಬನನ್ನು ಕುಗ್ಗಿಸಿ ಇನ್ನೊಬ್ಬನನ್ನು ಕುಗ್ಗಿಸದಿರುವುದು ಏಕೆ ಎಂಬ ಪ್ರಶ್ನೆಗೆ ಇದರಲ್ಲಿ ಉತ್ತರವಿರಲಿಲ್ಲ. ಅದನ್ನು ಕೈಗೆತ್ತಿಕೊಂಡ ರಿಚರ್ಡ್ ಲಾಜರಸ್, 1966ರ ಗ್ರಂಥದಲ್ಲೂ ಸೂಸನ್ ಫೋಕ್‌ಮನ್ ಜೊತೆಗೂಡಿ ಬರೆದ 1984ರ ಗ್ರಂಥದಲ್ಲೂ, ಎದುರಿಗಿರುವುದು ಎಷ್ಟು ದೊಡ್ಡದು ಮತ್ತು ಅದನ್ನು ತಡೆಯಲು ತನ್ನ ಬಳಿ ಏನಿದೆ ಎಂದು ಮನುಷ್ಯ ಹಾಕುವ ಅಳತೆಯೇ ಒತ್ತಡದ ತಿರುಳು ಎಂದು ವಾದಿಸಿದ. 1989ರಲ್ಲಿ ಸ್ಟೀವನ್ ಹೋಬ್‌ಫಾಲ್ ಒಂದು ಹೆಜ್ಜೆ ಮುಂದೆ ಹೋಗಿ, ಕೈಯಲ್ಲಿರುವ ಸಂಪನ್ಮೂಲ ಕಳೆದುಹೋಗುವುದು ಅಥವಾ ಕಳೆದುಹೋದೀತೆಂಬ ಭಯವೇ ಒತ್ತಡ ಎಂದ. ರೈತಾಪಿ ಸೀಮೆಯನ್ನು ಅರಿಯುವುದಕ್ಕೆ ಇದು ಉಳಿದೆಲ್ಲ ವ್ಯಾಖ್ಯೆಗಳಿಗಿಂತ ಹತ್ತಿರದ್ದು. ಲಿಸಾ ಆಸ್ಪಿನ್‌ವಾಲ್ ಮತ್ತು ಶೆಲ್ಲಿ ಟೇಲರ್ 1997ರಲ್ಲಿ ಪೂರ್ವಸಿದ್ಧತೆಯ ನಿಭಾವಣೆಗೆ ಐದು ಹೆಜ್ಜೆಗಳನ್ನು ಗುರುತಿಸಿದರು: ಸಂಪನ್ಮೂಲ ಕೂಡಿಡುವುದು, ಅಪಾಯದ ಸುಳಿವನ್ನು ಗುರುತಿಸುವುದು, ಅದನ್ನು ಅಳೆಯುವುದು, ಮೊದಲ ಪ್ರಯತ್ನ ಮಾಡುವುದು, ಅದರ ಫಲ ನೋಡಿ ತಿದ್ದಿಕೊಳ್ಳುವುದು. ಎಸ್ತರ್ ಗ್ರೀನ್‌ಗ್ಲಾಸ್ ಮತ್ತು ರಾಲ್ಫ್ ಶ್ವಾರ್ಜರ್ ಇದನ್ನು ಅಳೆಯುವ ಪ್ರಶ್ನಾವಳಿಯನ್ನು ರೂಪಿಸಿದರು. ಬರಲಿರುವ ಕಷ್ಟವನ್ನು ಬೆದರಿಕೆಯೆನ್ನದೆ ಸವಾಲಾಗಿ ಕಾಣುವುದು ಈ ನಿಭಾವಣೆಯ ಗುರುತು ಎಂಬುದು ಶ್ವಾರ್ಜರ್ ಅವರ ನಿಲುವು.

ಆ ಐದು ಹೆಜ್ಜೆಗಳು ಅಚ್ಚಾದ ಅದೇ 1997ರ ಮುಂಗಾರಿನಲ್ಲಿ ಬೀದರ್ ಜಿಲ್ಲೆಯ ರೈತರು ಬಿತ್ತಿದ್ದ ತೊಗರಿ, ಅಕಾಲದ ಮಳೆಗೂ ಕಾಯಿಕೊರಕ ಹುಳುವಿಗೂ ಸಿಕ್ಕಿ ಕೈಬಿಟ್ಟಿತು. ಅದರ ಬೆನ್ನಿಗೇ ನಡೆದ ರೈತರ ಆತ್ಮಹತ್ಯೆಗಳನ್ನು ಸಮಾಜವಿಜ್ಞಾನಿ ಎ. ಆರ್. ವಾಸವಿ ಅಧ್ಯಯನ ಮಾಡಿ, 1999ರಲ್ಲಿ ಎಕನಾಮಿಕ್ ಅಂಡ್ ಪೊಲಿಟಿಕಲ್ ವೀಕ್ಲಿಯಲ್ಲಿ ಪ್ರಕಟಿಸಿದ ಪ್ರಬಂಧ ಕರ್ನಾಟಕದ ಮಟ್ಟಿಗೆ ಈ ಕ್ಷೇತ್ರದ ತಿರುವು ಎನ್ನಬೇಕು. ಮನೆಯೂಟದ ಕಾಳುಗಳನ್ನು ಬಿಟ್ಟು ಪೇಟೆಯ ಬೆಳೆಗೆ ತಿರುಗಿದ ಸಣ್ಣ ಹಿಡುವಳಿದಾರನಿಗೆ ಸಾಲ ಸಿಗುತ್ತಿದ್ದದ್ದು ಖಾಸಗಿಯವರಿಂದ, ಬೀಜ ಮತ್ತು ಔಷಧಿಯ ಸಲಹೆ ಸಿಗುತ್ತಿದ್ದದ್ದು ಅವನ್ನು ಮಾರುವವರಿಂದ. ಬೆಳೆ ಹೋದಾಗ ಆ ಸೋಲನ್ನು ಹೊತ್ತು ನಿಲ್ಲಬೇಕಾದವನು ಮಾತ್ರ ಅವನೊಬ್ಬನೇ. ಮೇಲಿನ ಐದು ಹೆಜ್ಜೆಗಳನ್ನು ಇಲ್ಲಿಟ್ಟು ನೋಡಿದರೆ, ಕೂಡಿಡುವ ಮೊದಲ ಹೆಜ್ಜೆ ಸಾಲದಲ್ಲಿ ಕರಗಿತ್ತು, ಫಲ ನೋಡಿ ತಿದ್ದಿಕೊಳ್ಳುವ ಕೊನೆಯ ಹೆಜ್ಜೆಗೆ ಬೇಕಾದ ತಿಳಿವಳಿಕೆ ಮಾರಾಟಗಾರರ ಕೈಯಲ್ಲಿತ್ತು. ಇಂಥ ರೈತನಿಗೆ ದೂರದೃಷ್ಟಿಯಿರಲಿಲ್ಲ ಎನ್ನುವುದು ಅನ್ಯಾಯದ ಮಾತು. ಆದರೂ ರಾಜ್ಯ ಸರ್ಕಾರ ನೇಮಿಸಿದ ಜಿ. ಕೆ. ವೀರೇಶ್ ಸಮಿತಿ 2002ರಲ್ಲಿ ಸಲ್ಲಿಸಿದ ವರದಿ ಕುಡಿತ, ಕೌಟುಂಬಿಕ ಕಲಹ ಮೊದಲಾದ ವೈಯಕ್ತಿಕ ಕಾರಣಗಳಿಗೆ ಹೆಚ್ಚು ಒತ್ತು ಕೊಟ್ಟಿತು, ಮತ್ತು ಕಾರಣ ವ್ಯಕ್ತಿಯಲ್ಲಿದೆಯೋ ವ್ಯವಸ್ಥೆಯಲ್ಲಿದೆಯೋ ಎಂಬ ವಾದ ಅಂದಿನಿಂದ ನಿಂತಿಲ್ಲ.

ಕೂಡಿಡುವುದು ಈ ನೆಲಕ್ಕೆ ಹೊಸದೇನಲ್ಲ. ಬೀದರ್ ನಗರದ ನೌಬಾದಿನಲ್ಲಿ ಬಹಮನಿಗಳ ಕಾಲಕ್ಕೆ, 15ನೇ ಶತಮಾನದಲ್ಲಿ, ಜಂಬಿಟ್ಟಿಗೆಯ ನೆಲವನ್ನು ಕೊರೆದು ಅಂತರ್ಜಲವನ್ನು ಸುರಂಗದಲ್ಲಿ ಹರಿಸಿದ ಕಾರೇಜ್ ಇಂದಿಗೂ ಸುರಂಗ ಬಾವಿ ಎಂಬ ಹೆಸರಿನಲ್ಲಿ ಉಳಿದಿದೆ. ಉತ್ತರ ಕರ್ನಾಟಕದ ಜೋಳದ ಸೀಮೆಯಲ್ಲಿ ಹಗೇವು ಎಂದರೆ ಕಾಳು ತುಂಬಿಡುವ ನೆಲಮಾಳಿಗೆಯಂಥ ಕುಣಿ. ಒಳಮೈಗೆ ಹುಲ್ಲು ಹೊದಿಸಿ, ಜೋಳ ಸುರಿದು, ಬಾಯಿಗೆ ಮಣ್ಣು ಮೆತ್ತಿದರೆ ವರ್ಷಗಟ್ಟಲೆ ಕೆಡುತ್ತಿರಲಿಲ್ಲ, ಮತ್ತು ತೆರೆದ ದಿನ ಒಳಗಿನ ಗಾಳಿ ಉಸಿರಿಗೆ ಯೋಗ್ಯವೇ ಎಂದು ತಿಳಿಯಲು ದೀಪ ಇಳಿಸಿ ನೋಡಿದ ಮೇಲೆಯೇ ಆಳು ಇಳಿಯುತ್ತಿದ್ದ. ಅಪಾಯವನ್ನು ಗುರುತಿಸುವುದು, ಅಳೆಯುವುದು, ಮೊದಲ ಪ್ರಯತ್ನ ಮಾಡುವುದು ಎಂಬ ಮೂರು ಹೆಜ್ಜೆಗಳೂ ಆ ಒಂದು ದೀಪದಲ್ಲಿವೆ. ಮುಖ್ಯ ಬೆಳೆಯ ನಡುವೆ ಬೇರೆ ಕಾಳು ಬಿತ್ತುವ ಅಕ್ಕಡಿ ಸಾಲು ಒಂದು ಹೋದರೆ ಇನ್ನೊಂದು ಕೈಹಿಡಿಯಲಿ ಎಂಬ ಎಣಿಕೆಯದು, ಮನೆಯಲ್ಲಿ ಕಟ್ಟಿದ ದೇವಣಿ ತಳಿಯ ದನ ಕೂಡ ಕಷ್ಟಕಾಲದ ಗಂಟೇ.

ಮಾನಸಿಕ ಆರೋಗ್ಯ ಸೇವೆಯ ದಾರಿ ಬೇರೆಯದು. ನಿಮ್ಹಾನ್ಸ್ 1980ರ ದಶಕದಲ್ಲಿ ಬಳ್ಳಾರಿ ಜಿಲ್ಲೆಯಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರಗಳ ವೈದ್ಯರಿಗೂ ಸಿಬ್ಬಂದಿಗೂ ತರಬೇತಿ ಕೊಟ್ಟು ನಡೆಸಿದ ಪ್ರಯೋಗವೇ 1996ರ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಮಾದರಿಯಾಯಿತು. 2022ರ ಅಕ್ಟೋಬರ್‌ನಿಂದ 14416 ಸಂಖ್ಯೆಯ ಟೆಲಿ ಮಾನಸ್ ಸಹಾಯವಾಣಿಗೆ ಔರಾದಿನ ಯಾವುದೇ ಹಳ್ಳಿಯಿಂದ ಹಗಲಿರುಳೆನ್ನದೆ ಕರೆ ಮಾಡಬಹುದು, ಕರೆಗೆ ಹಣವಿಲ್ಲ. ಇವು ಜೀವ ಉಳಿಸುವ ಸೇವೆಗಳು. ಆದರೆ ಬಹುಪಾಲು ತ್ರಾಸ ಬಲಿತ ಮೇಲೆ ನೆರವಾಗುವಂಥವು.

ತ್ರಾಸಕ್ಕೆ ಮೊದಲಿನ ಕೆಲಸ ಈ ಜಿಲ್ಲೆಯಲ್ಲಿ ಹೆಚ್ಚು ನಡೆದಿರುವುದು ಆಸ್ಪತ್ರೆಯ ಹೊರಗೆ. ನಬಾರ್ಡ್ 1992ರಲ್ಲಿ ಸ್ವಸಹಾಯ ಗುಂಪುಗಳನ್ನು ಬ್ಯಾಂಕಿಗೆ ಜೋಡಿಸಲು ತೊಡಗಿದ ಮೇಲೆ, ಬೀದರ್ ಜಿಲ್ಲಾ ಕೇಂದ್ರ ಸಹಕಾರ (ಡಿಸಿಸಿ) ಬ್ಯಾಂಕ್ ಹಳ್ಳಿಯ ಪ್ರಾಥಮಿಕ ಕೃಷಿ ಪತ್ತಿನ ಸಹಕಾರ ಸಂಘಗಳ ಮೂಲಕ ಮಹಿಳಾ ಗುಂಪುಗಳನ್ನು ಬೆಳೆಸಿ ದೇಶದ ಗಮನ ಸೆಳೆಯಿತು. ಉಳಿತಾಯ ಕೈಗೆಟಕುವಂತಿದ್ದರೆ ಮಗುವಿನ ಜ್ವರಕ್ಕೋ ಬಿತ್ತನೆ ಬೀಜಕ್ಕೋ ಸಾವುಕಾರನ ಕಟ್ಟೆ ಹತ್ತಬೇಕಿಲ್ಲ. ಸಾಲ ಸುಲಭವಾದಲ್ಲೆಲ್ಲ ಮನಸ್ಸು ಹಗುರಾಯಿತೆಂದು ಮಾತ್ರ ಹೇಳಲಾಗದು. ಖಾಸಗಿ ಮೈಕ್ರೋ ಫೈನಾನ್ಸ್‌ಗಳ ವಾರದ ಕಂತು ತಾನೇ ಹೊಸ ಹೈರಾಣವಾಗಿ, ವಸೂಲಿಯ ಕಿರುಕುಳ ತಡೆಯಲು ರಾಜ್ಯ ಸರ್ಕಾರ 2025ರ ಫೆಬ್ರವರಿಯಲ್ಲಿ ಸುಗ್ರೀವಾಜ್ಞೆ ಹೊರಡಿಸಬೇಕಾಯಿತು.

ಗ್ರೀನ್‌ಗ್ಲಾಸ್ ಮತ್ತು ಶ್ವಾರ್ಜರ್ ಅವರ ಪ್ರಶ್ನಾವಳಿ ನೆರವು ಕೇಳುವುದನ್ನೂ ಎಣಿಕೆಗೆ ತೆಗೆದುಕೊಳ್ಳುತ್ತದೆ, ಆದರೆ ಕೇಳಬೇಕಾದವರು ಕಷ್ಟದಲ್ಲಿರುವವರೇ ಎಂದು ಭಾವಿಸುತ್ತದೆ. ಮಾನ ಹೋದೀತೆಂಬ ಅಂಜಿಕೆಯಿಂದ ಬಾಯಿ ಬಿಡದ ಮನೆಗಳಲ್ಲಿ ಈ ಊಹೆ ನಿಲ್ಲುವುದಿಲ್ಲ. ಸರಿಯಾಗಿ ನಡೆಯುವ ಗುಂಪಿನ ವಾರದ ಸಭೆಯಲ್ಲಿ ಹಾಜರಿ ಕೂಗುತ್ತಾರೆ, ಉಳಿತಾಯದ ಹಣ ಎಣಿಸಿ ಪುಸ್ತಕದಲ್ಲಿ ಬರೆಯುತ್ತಾರೆ. ಒಬ್ಬಾಕೆಯ ಹೆಸರಿನ ಮುಂದೆ ಎರಡು ವಾರ ಖಾಲಿ ಬಿದ್ದರೆ, ಯಾರೂ ಹೇಳಿ ಕಳಿಸದಿದ್ದರೂ ಉಳಿದವರು ಆ ಸಂಜೆಯೇ ಆಕೆಯ ಮನೆಯ ಕದ ತಟ್ಟುತ್ತಾರೆ.