ನಗಿಸುವವನ ವಿದ್ಯೆ: ಹಾಸ್ಯನಟ ನರಸಿಂಹರಾಜು

ಗುಡೇಕೋಟೆ, ಕೂಡ್ಲಿಗಿ, ಕೊಟ್ಟೂರುಗಳ ಸೀಮೆಯಲ್ಲಿ ದೊಡ್ಡಾಟವನ್ನು ನೋಡಿದವರಿಗೆ ಸಾರಥಿಯ ಪರಿಚಯವನ್ನು ಬೇರೆಯಾಗಿ ಮಾಡಿಕೊಡಬೇಕಾಗಿಲ್ಲ. ರಂಗಕ್ಕೆ ಬಂದ ರಾಜನನ್ನು ಮಾತನಾಡಿಸುವವನು ಅವನು. ಕಥೆಯ ಎಳೆ ತಪ್ಪದಂತೆ ನೋಡಿಕೊಳ್ಳುವವನು ಅವನು. ತೂಕಡಿಸುವ ಸಭೆಯನ್ನು ನಗಿಸಿ ಎಚ್ಚರಿಸುವವನೂ ಅವನೇ. ತಲೆಯ ಮೇಲೆ ಕಿರೀಟವಿಲ್ಲದಿದ್ದರೂ ಅವನಿಲ್ಲದೆ ಆಟ ಸಾಗದು. ಕಂಪನಿ ನಾಟಕಗಳ ಕಾಲ ಬಂದಾಗ ಈ ಹೊಣೆಯಲ್ಲಿ ಬಹುಪಾಲು ಹಾಸ್ಯನಟನ ಹೆಗಲಿಗೆ ಬಿದ್ದಿತು. ಆತ ಹಾಡಬೇಕು, ಹೆಜ್ಜೆ ಹಾಕಬೇಕು, ಹಿಂದೆ ಪರದೆ ಬದಲಾಗುವವರೆಗೆ ಮುಂದೆ ನಿಂತು ಜನರನ್ನು ಹಿಡಿದಿಡಬೇಕು. ಇಷ್ಟಾದರೂ ಅವನನ್ನು ಕೋಡಂಗಿಯೆಂದು ಹಗುರವಾಗಿ ಕಾಣುವುದು ನಮ್ಮ ವಾಡಿಕೆ. ಈ ವಾಡಿಕೆ ಎಷ್ಟು ಅನ್ಯಾಯದ್ದೆಂಬುದಕ್ಕೆ ತಿಪಟೂರಿನ ಟಿ. ಆರ್. ನರಸಿಂಹರಾಜು ಅವರ ಬಾಳೇ ಸಾಕ್ಷಿ.

೧೯೨೩ರಲ್ಲಿ ಹುಟ್ಟಿದ ಈ ಬಾಲಕ ನಾಲ್ಕನೆಯ ವಯಸ್ಸಿನಲ್ಲಿಯೇ ಸಿ. ಬಿ. ಮಲ್ಲಪ್ಪನವರ ನಾಟಕ ಮಂಡಳಿಯನ್ನು ಸೇರಿದನು. ಪ್ರಹ್ಲಾದ, ಲೋಹಿತಾಶ್ವ ಮೊದಲಾದ ಬಾಲಪಾತ್ರಗಳೇ ಅವನ ಓನಾಮ. ಮುಂದೆ ಹಿರಣ್ಣಯ್ಯನವರ ಮಿತ್ರಮಂಡಳಿ, ಗುಬ್ಬಿ ಕಂಪನಿಗಳಲ್ಲಿ ಪಳಗಿದ ಬಳಿಕ, ೧೯೫೪ರ ‘ಬೇಡರ ಕಣ್ಣಪ್ಪ’ ಚಿತ್ರದಲ್ಲಿ ಅರ್ಚಕನ ಮಗ ಕಾಶಿಯಾಗಿ ಕನ್ನಡಿಗರ ಮನೆಮಾತಾದರು. ರಾಜ್‌ಕುಮಾರರು ನಾಯಕನಟರಾದುದೂ ಅದೇ ಚಿತ್ರದಿಂದ.

ವಿಕಾರವಾದ ವೇಷ, ಆಕಾರ, ಮಾತುಗಳಿಂದ ಹಾಸ್ಯ ಹುಟ್ಟುತ್ತದೆಂದು ಭರತಮುನಿಯ ಮತ. ನರಸಿಂಹರಾಜು ಅವರ ಉಬ್ಬುಹಲ್ಲು ಈ ಲಕ್ಷಣಕ್ಕೆ ಒಪ್ಪುವಂಥದೇ. ಆದರೆ ಹಲ್ಲು ಒಂದು ಸಲ ನಗಿಸೀತು; ಇನ್ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಗಿಸಲಾರದು. ಅದಕ್ಕೆ ಬೇಕಾದುದು ಮಾತಿನ ಕಾಲವನ್ನರಿತ ನಾಲಗೆ, ತಾಳವನ್ನರಿತ ಕಾಲು, ಎದುರಿನ ನಟನ ಮಾತಿಗೆ ಕಾದು ಕೂರುವ ಕಿವಿ. ಇವನ್ನೆಲ್ಲ ಕೊಟ್ಟದ್ದು ಕಂಪನಿಯ ರಂಗ.

೧೯೬೫ರ ‘ಸತ್ಯ ಹರಿಶ್ಚಂದ್ರ’ದಲ್ಲಿ ಅವರದು ನಕ್ಷತ್ರಿಕನ ಪಾತ್ರ. ಎಳೆತನದಲ್ಲಿ ಲೋಹಿತಾಶ್ವನಾಗಿ, ಹಾವು ಕಚ್ಚಿ ಮಡಿದ ಮಗುವಾಗಿ, ತಾಯಿಯ ಮಡಿಲಲ್ಲಿ ಮಲಗಿ ಸಭೆಯನ್ನು ಅಳಿಸಿದ್ದವರೇ ಈಗ ಸಾಲಕ್ಕಾಗಿ ಅದೇ ಸಂಸಾರದ ಬೆನ್ನು ಹತ್ತಿ ಜನರನ್ನು ನಗಿಸಿದರು. ಅಳುವಿನ ಮನೆಯ ಮೂಲೆಮೂಲೆಯನ್ನೂ ಕಂಡವನಿಗೆ ನಗೆಯ ಬಾಗಿಲು ಎಲ್ಲಿದೆಯೆಂಬುದು ತಿಳಿದಿರುತ್ತದೆ.

ಕನ್ನಡ ಚಿತ್ರಗಳು ವಿರಳವಾಗಿದ್ದ ದಿನಗಳಲ್ಲಿ ರಾಜ್‌ಕುಮಾರ್, ಬಾಲಕೃಷ್ಣ, ಜಿ. ವಿ. ಅಯ್ಯರ್ ಮತ್ತು ನರಸಿಂಹರಾಜು ಒಂದಾಗಿ ಕಲಾವಿದರ ಸಂಘ ಕಟ್ಟಿದರು; ಊರೂರಿಗೆ ಹೋಗಿ ನಾಟಕವಾಡಿದರು. ೧೯೬೦ರ ‘ರಣಧೀರ ಕಂಠೀರವ’ ಆ ಕೂಟದ ಫಲ. ಪರದೆಯ ಮೇಲೆ ಹೆಸರು ಮಾಡಿದ ಮೇಲೂ ಕೈಹಿಡಿದು ಕಾಪಾಡಿದ್ದು ಹಳೆಯ ರಂಗವಿದ್ಯೆಯೇ!

೧೯೭೯ರ ಜುಲೈ ೧೧ರಂದು ಅವರು ತೀರಿಕೊಂಡರು, ಐವತ್ತಾರು ತುಂಬಿರಲಿಲ್ಲ. ಸಹೃದಯರೇ, ‘ಸತ್ಯ ಹರಿಶ್ಚಂದ್ರ’ವನ್ನು ಮತ್ತೆ ನೋಡುವ ಅವಕಾಶ ಒದಗಿದರೆ, ಹರಿಶ್ಚಂದ್ರನ ಕಣ್ಣೀರಿನ ಜೊತೆಗೆ ನಕ್ಷತ್ರಿಕನ ಹೆಜ್ಜೆಯನ್ನೂ ಒಂದಿಷ್ಟು ಗಮನಿಸಿರಿ. ಊರ ಬಯಲಿನ ನಮ್ಮ ಸಾರಥಿ ಅಲ್ಲಿಯೂ ತಮ್ಮ ಕಣ್ಣಿಗೆ ಬಿದ್ದಾನು.