ಕ್ಯಾನ್ಸರ್ ಅಲ್ಲ ಅಂದಮಾತ್ರಕ್ಕೆ ಮುಗಿಯಲ್ಲ: ಮಂಡಿಯೊಳಗಿನ ಅಪರೂಪದ ಗಡ್ಡೆಯ ಪತ್ತೆ, ಚಿಕಿತ್ಸೆ ಮತ್ತು ಖರ್ಚಿನ ಲೆಕ್ಕ

ಮೂವತ್ತರ ಆಸುಪಾಸಿನ ವಯಸ್ಸು. ಎಲ್ಲೂ ಬಿದ್ದಿಲ್ಲ, ಪೆಟ್ಟಾಗಿಲ್ಲ, ಜ್ವರವೂ ಇಲ್ಲ. ಆದರೂ ಒಂದು ಮಂಡಿ ಮಾತ್ರ ಊದಿಕೊಳ್ಳುತ್ತೆ. ಕೆಲವು ವಾರ ಇಳಿದಂತೆ ಕಾಣುತ್ತೆ, ಮತ್ತೆ ಊದುತ್ತೆ. ನೋವಿನ ಮಾತ್ರೆ, ಮುಲಾಮು, ನಾಟಿ ವೈದ್ಯರ ಕಟ್ಟು, ಫಿಸಿಯೋಥೆರಪಿ ಎಲ್ಲವೂ ಒಂದು ಸುತ್ತು ಮುಗಿಯುತ್ತೆ. ಎಕ್ಸ್‌-ರೇ ತೆಗೆಸಿದರೆ ‘ನಾರ್ಮಲ್’. ರಕ್ತ ಪರೀಕ್ಷೆಯಲ್ಲಿ ಸಂಧಿವಾತದ ಸುಳಿವಿಲ್ಲ. ಹೀಗೆ ವರ್ಷಗಟ್ಟಲೆ ತಿರುಗಿದ ಮೇಲೆ ಕೆಲವರ ಕೈಗೆ ಬರುವ ವರದಿಯಲ್ಲಿ ಒಂದು ಉದ್ದನೆಯ ಹೆಸರಿರುತ್ತೆ: ಟೆನೋಸೈನೋವಿಯಲ್ ಜೈಂಟ್ ಸೆಲ್ ಟ್ಯೂಮರ್, ಚಿಕ್ಕದಾಗಿ ಟಿಜಿಸಿಟಿ. ಅದರ ಹಿಂದೆಯೇ ಸಮಾಧಾನದ ಮಾತು ಬರುತ್ತೆ: “ಹೆದರಬೇಡಿ, ಕ್ಯಾನ್ಸರ್ ಅಲ್ಲ.”

ಮಾತು ನಿಜ. ಈ ಗಡ್ಡೆ ದೇಹದ ಬೇರೆ ಭಾಗಕ್ಕೆ ಹರಡಿ ಜೀವ ತೆಗೆಯುವುದು ತೀರಾ ಅಪರೂಪ. ಆದರೆ ‘ಕ್ಯಾನ್ಸರ್ ಅಲ್ಲ’ ಅನ್ನೋದನ್ನು ನಮ್ಮ ವ್ಯವಸ್ಥೆ ‘ತೊಂದರೆಯಿಲ್ಲ’ ಅಂತ ಓದಿಕೊಳ್ಳುತ್ತೆ. ಅಲ್ಲಿಂದಾಚೆಗೆ ರೋಗಿ ಯಾವ ಲೆಕ್ಕಕ್ಕೂ ಸಿಗೋದಿಲ್ಲ.

ಒಳಗೆ ಆಗೋದೇನು?

ನಮ್ಮ ಕೀಲುಗಳ ಒಳಗೆ ಸೈನೋವಿಯಂ ಎಂಬ ತೆಳು ಪದರ ಇದೆ. ಕೀಲು ಸರಾಗವಾಗಿ ಆಡಲು ಬೇಕಾದ ಜಿಡ್ಡು ದ್ರವವನ್ನು ಕೊಡೋದು ಅದೇ. ಈ ಪದರ ದಪ್ಪಗಾಗಿ, ಎಳೆಎಳೆಯಾಗಿ, ಗಂಟುಗಂಟಾಗಿ ಬೆಳೆಯೋದೇ ಕಾಯಿಲೆ. ಅದರಲ್ಲಿ ಮತ್ತೆ ಮತ್ತೆ ಸಣ್ಣಗೆ ರಕ್ತ ಒಸರುತ್ತೆ, ರಕ್ತದ ಕಬ್ಬಿಣ ಅಲ್ಲೇ ಕೂತು ಪದರಕ್ಕೆ ತುಕ್ಕಿನ ಬಣ್ಣ ಬರುತ್ತೆ. 1941ರಲ್ಲಿ ಅಮೆರಿಕದ ಜಾಫೆ, ಲಿಚ್ಟೆನ್‌ಸ್ಟೈನ್ ಮತ್ತು ಸುಟ್ರೋ ಎಂಬ ವೈದ್ಯರು ಈ ಬಣ್ಣ, ಈ ಎಳೆ, ಈ ಗಂಟು ಮೂರನ್ನೂ ಸೇರಿಸಿ ‘ಪಿಗ್ಮೆಂಟೆಡ್ ವಿಲ್ಲೋನಾಡ್ಯುಲರ್ ಸೈನೋವೈಟಿಸ್’ ಅಂತ ಕರೆದರು. ಪಿವಿಎನ್‌ಎಸ್ ಎಂಬ ಹಳೆ ಹೆಸರು ಬಂದದ್ದು ಹಾಗೆ, ಇವತ್ತಿಗೂ ಎಷ್ಟೋ ವರದಿಗಳಲ್ಲಿ ಅದೇ ಇರುತ್ತೆ. ಇದು ಬರೀ ಉರಿಯೂತ ಅನ್ನೋದು ಅವರ ಅಂದಾಜಾಗಿತ್ತು.

ಅಂದಾಜು ಬದಲಾದದ್ದು ಈ ಶತಮಾನದಲ್ಲಿ. ಕೀಲಿನ ಕೆಲವು ಜೀವಕೋಶಗಳಲ್ಲಿ ಒಂದನೇ ವರ್ಣತಂತುವಿನ ತುಂಡು ಎರಡನೆಯದರ ಜೊತೆ ತಪ್ಪಾಗಿ ಬೆಸೆದುಕೊಳ್ಳುತ್ತೆ. ಅದರಿಂದ ಸಿಎಸ್‌ಎಫ್‌1 ಎಂಬ ಪ್ರೋಟೀನು ವಿಪರೀತ ತಯಾರಾಗುತ್ತೆ. ಈ ಪ್ರೋಟೀನಿನ ಕೆಲಸ ಮ್ಯಾಕ್ರೋಫೇಜ್ ಎಂಬ ರಕ್ಷಣಾ ಕೋಶಗಳನ್ನು ಕರೆಯೋದು. ತಮಾಷೆ ಅಂದರೆ, 2006ರಲ್ಲಿ ಪ್ರಕಟವಾದ ಅಧ್ಯಯನದ ಪ್ರಕಾರ ಗಡ್ಡೆಯಲ್ಲಿ ನಿಜವಾಗಿ ಕೆಟ್ಟಿರುವ ಕೋಶಗಳು ಶೇ. 2ರಿಂದ 16 ಮಾತ್ರ. ಉಳಿದವು ಕರೆದಾಗ ಬಂದ ಜನ. ಸಭೆ ಕರೆದವರು ನಾಲ್ಕು ಮಂದಿ, ಮೈದಾನ ತುಂಬಿದ್ದು ಲಾರಿಯಲ್ಲಿ ಬಂದವರಿಂದ. ಈ ಚಿತ್ರ ನೆನಪಿಟ್ಟುಕೊಳ್ಳಿ, ಔಷಧಿಯ ವಿಷಯ ಬಂದಾಗ ಬೇಕಾಗುತ್ತೆ.

ಪತ್ತೆ ಯಾಕೆ ತಡ?

ಯಾಕಂದ್ರೆ ಇದು ಬೇರೆ ಎಲ್ಲದರ ಹಾಗೂ ಕಾಣುತ್ತೆ. ಗಡ್ಡೆ ಒಂದೇ ಗಂಟಾಗಿದ್ದರೆ ಮಂಡಿ ಆಗಾಗ ಲಾಕ್ ಆಗುತ್ತೆ, ಎಲ್ಲರೂ ಮೆನಿಸ್ಕಸ್ ಹರಿದಿದೆ ಅಂದುಕೊಳ್ತಾರೆ. ಇಡೀ ಪದರಕ್ಕೆ ಹಬ್ಬಿದ್ದರೆ ಸಂಧಿವಾತದ ಹಾಗೆ ಊತ. ಹಿಮೋಫಿಲಿಯಾ ಇರುವವರಲ್ಲೂ ಕೀಲಿನೊಳಗೆ ರಕ್ತ ಸೇರಿ ಇಂಥದ್ದೇ ಬಣ್ಣ ಬರುತ್ತೆ. ಇನ್ನು ನಮ್ಮ ದೇಶದಲ್ಲಿ ತಿಂಗಳುಗಟ್ಟಲೆ ಒಂದೇ ಕೀಲು ಊದಿದ್ದರೆ ಡಾಕ್ಟರ ತಲೆಗೆ ಮೊದಲು ಬರೋದು ಕ್ಷಯ. ಬರಲೇಬೇಕು, ಕೀಲಿನ ಟಿಬಿ ಇಲ್ಲಿ ಟಿಜಿಸಿಟಿಗಿಂತ ಎಷ್ಟೋ ಸಾಮಾನ್ಯ. ತೊಂದರೆ ಇರೋದು ಅನುಮಾನದಲ್ಲಲ್ಲ. ಒಳಪದರದ ಚೂರು ತೆಗೆದು ನೋಡದೆ, ಬರೀ ಅನುಮಾನದ ಮೇಲೆ ಟಿಬಿ ಮಾತ್ರೆ ಶುರು ಮಾಡಿದರೆ ವರ್ಷ ಹಾಗೇ ಕಳೆದುಹೋಗುತ್ತೆ. ಮಾತ್ರೆ ಸರ್ಕಾರದಿಂದ ಉಚಿತ, ಕಳೆದ ಸಮಯ ಅಲ್ಲ. ಹಬ್ಬಿದ ಗಡ್ಡೆ ಅಷ್ಟರಲ್ಲಿ ಮೃದ್ವಸ್ಥಿಯನ್ನೂ ಮೂಳೆಯನ್ನೂ ಸವೆಸುತ್ತಿರುತ್ತೆ.

ದಾರಿ ಕಷ್ಟದ್ದೇನಲ್ಲ. ಊದಿದ ಮಂಡಿಯಿಂದ ಸೂಜಿಯಲ್ಲಿ ನೀರು ತೆಗೆದಾಗ, ಪೆಟ್ಟೇ ಬೀಳದಿದ್ದರೂ ಅದು ಕಂದುಗೆಂಪಾಗಿ ಬಂದರೆ ಅದೊಂದು ದೊಡ್ಡ ಸುಳಿವು. ಮುಂದಿನದು ಎಂಆರ್‌ಐ. ಗಡ್ಡೆಯೊಳಗಿನ ಕಬ್ಬಿಣ ಎಂಆರ್‌ಐ ಚಿತ್ರದಲ್ಲಿ ಕಪ್ಪಾಗಿ ಕಾಣುತ್ತೆ. ‘ಗ್ರೇಡಿಯಂಟ್ ಎಕೋ’ ಎಂಬ ವಿಧಾನದಲ್ಲಿ ತೆಗೆದರೆ ಆ ಕಪ್ಪು ಇನ್ನೂ ಹಿಗ್ಗಿ ಎದ್ದು ಕಾಣುತ್ತೆ. ಟಿಜಿಸಿಟಿ ಅನುಮಾನ ಇದೆ ಅಂತ ಚೀಟಿಯಲ್ಲೇ ಬರೆದು ಕಳಿಸಿದರೆ ರೇಡಿಯಾಲಜಿಯವರು ಅದನ್ನೂ ಸೇರಿಸ್ತಾರೆ. ಇಷ್ಟಾದರೂ ಕೊನೆಯ ಮಾತು ಬಯಾಪ್ಸಿಯದ್ದು. ತೆಗೆದ ಚೂರನ್ನು ಸೂಕ್ಷ್ಮದರ್ಶಕದ ಪರೀಕ್ಷೆಗೂ, ಟಿಬಿ ಪತ್ತೆಯ ಸಿಬಿನ್ಯಾಟ್ ಮತ್ತು ಕಲ್ಚರ್‌ಗೂ ಒಟ್ಟಿಗೆ ಕಳಿಸಿದರೆ ಎರಡು ಪ್ರಶ್ನೆಗೆ ಒಂದೇ ಸಲ ಉತ್ತರ.

ಹೆಸರಿನ ಬಗ್ಗೆ ಒಂದು ಎಚ್ಚರಿಕೆ: ಮೂಳೆಯಲ್ಲಿ ಬರುವ ‘ಜೈಂಟ್ ಸೆಲ್ ಟ್ಯೂಮರ್’ ಬೇರೆ ಕಾಯಿಲೆ, ಅದರ ಔಷಧಿಯೂ ಬೇರೆ. ಇಂಟರ್‌ನೆಟ್‌ನಲ್ಲಿ ಹುಡುಕುವಾಗ ಎರಡನ್ನೂ ಕಲಸಿಕೊಳ್ಳೋದು ಸುಲಭ.

ಕತ್ತರಿ ಎಷ್ಟು ದೂರ?

ಒಂದೇ ಗಂಟು ಇದ್ದರೆ ಕತೆ ಸರಳ. ಕೀಹೋಲ್ ಮೂಲಕವೋ ತೆರೆದೋ ತೆಗೆದುಹಾಕ್ತಾರೆ, ಬಹುತೇಕರಲ್ಲಿ ಮತ್ತೆ ಬರಲ್ಲ. ಹಬ್ಬಿದ ಬಗೆಯೇ ಬೇರೆ ಲೋಕ. ಮಂಡಿಯ ಮುಂಭಾಗದ ಪದರವನ್ನು ಕೀಹೋಲ್‌ನಲ್ಲಿ ತೆಗೆಯಬಹುದು. ಹಿಂಭಾಗದ್ದು ಕಾಲಿನ ಮುಖ್ಯ ರಕ್ತನಾಳ, ನರಗಳ ಪಕ್ಕದಲ್ಲೇ ಇರುತ್ತೆ, ಅದಕ್ಕೆ ಹಲವು ಸಲ ತೆರೆದ ಸರ್ಜರಿ ಬೇಕು. ಒಂದು ಚೂರು ಉಳಿದರೂ ಸಾಕು. ಹಬ್ಬಿದ ಬಗೆಯಲ್ಲಿ ಗಡ್ಡೆ ಮರಳೋದು ಅಪರೂಪವೇನಲ್ಲ, ದೀರ್ಘಕಾಲ ಗಮನಿಸಿದ ಕೆಲವು ಅಧ್ಯಯನಗಳಲ್ಲಿ ಅರ್ಧದಷ್ಟು ಜನರಲ್ಲಿ ಮರಳಿದೆ. ಪ್ರತಿ ಸರ್ಜರಿಯ ನಂತರವೂ ಮಂಡಿ ಇನ್ನಷ್ಟು ಬಿಗಿಯಾಗುತ್ತೆ. ಆದ್ದರಿಂದಲೇ ಈಗಿನ ತಜ್ಞರು, ತೊಂದರೆ ಹೆಚ್ಚಿಲ್ಲದವರಿಗೆ ಸುಮ್ಮನೆ ಕತ್ತರಿ ಹಾಕೋದಕ್ಕಿಂತ ಎಂಆರ್‌ಐ ತೆಗೆಸುತ್ತಾ ಕಾದು ನೋಡೋದು ಮೇಲು ಅಂತಾರೆ. ಇಂಥ ಸರ್ಜರಿಗೆ ಮೂಳೆ-ಕೀಲಿನ ಗಡ್ಡೆಗಳನ್ನೇ ನೋಡುವ ಆರ್ಥೋಪೆಡಿಕ್ ಆಂಕಾಲಜಿಸ್ಟ್ ಹತ್ತಿರ ಹೋಗೋದು ಒಳ್ಳೇದು. ‘ಕ್ಯಾನ್ಸರ್ ಅಲ್ಲವಲ್ಲ, ಅಲ್ಲಿಗ್ಯಾಕೆ’ ಅಂತ ತಪ್ಪಿಸಿಕೊಳ್ಳುವವರೇ ಹೆಚ್ಚು. ವಿಕಿರಣ ಚಿಕಿತ್ಸೆಯೂ ಇದೆ, ರೋಗಿಗಳು ಚಿಕ್ಕ ವಯಸ್ಸಿನವರಾದ್ದರಿಂದ ಈಗ ಹಿಂಜರಿಕೆ ಜಾಸ್ತಿ. ಕೀಲು ಪೂರ್ತಿ ಸವೆದರೆ ಕೊನೆಗೆ ಕೃತಕ ಮಂಡಿ.

ಮಾತ್ರೆ ಇದೆ, ಆದರೆ ಯಾರಿಗೆ?

ಸಭೆಯ ಚಿತ್ರಕ್ಕೆ ಬರೋಣ. ಕರೆದವರ ಮೈಕ್ ಕಿತ್ತರೆ ಜನ ಚದುರುತ್ತಾರೆ. ಹೊಸ ಔಷಧಿಗಳ ತಂತ್ರ ಅಷ್ಟೇ: ಸಿಎಸ್‌ಎಫ್‌1ರ ಕರೆ ಕೇಳುವ ಕಿವಿಯನ್ನು ಮುಚ್ಚೋದು. ಪೆಕ್ಸಿಡಾರ್ಟಿನಿಬ್ ಮಾತ್ರೆಗೆ ಅಮೆರಿಕ 2019ರಲ್ಲಿ ಅನುಮತಿ ಕೊಟ್ಟಿತು. ಪ್ರಯೋಗದಲ್ಲಿ ಶೇ. 39 ಜನರ ಗಡ್ಡೆ ಗಣನೀಯವಾಗಿ ಕುಗ್ಗಿತ್ತು, ಖಾಲಿ ಮಾತ್ರೆ ತಿಂದವರಲ್ಲಿ ಒಬ್ಬರದ್ದೂ ಇಲ್ಲ. ಆದರೆ ಯಕೃತ್ತಿಗೆ ಗಂಭೀರ ಹಾನಿಯ ಅಪಾಯವಿತ್ತು. ಯುರೋಪ್ 2020ರಲ್ಲಿ ಬೇಡ ಅಂದಿತು. 2025ರ ಫೆಬ್ರುವರಿಯಲ್ಲಿ ವಿಮ್ಸೆಲ್ಟಿನಿಬ್‌ಗೆ ಅಮೆರಿಕದ ಅನುಮತಿ ಸಿಕ್ಕಿತು, ಫಲಿತಾಂಶ ಶೇ. 40.

ಭಾರತದ ರೋಗಿಗೆ ಹತ್ತಿರವಿರುವ ಮಾತ್ರೆ ಇನ್ನೊಂದು: ಇಮ್ಯಾಟಿನಿಬ್. ಇದು ರಕ್ತದ ಕ್ಯಾನ್ಸರ್‌ನ ಔಷಧಿ, ಅದೇ ಕಿವಿಯನ್ನು ಸ್ವಲ್ಪ ಮಟ್ಟಿಗೆ ಇದೂ ಮುಚ್ಚುತ್ತೆ. 2012ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ 27 ರೋಗಿಗಳ ಪೈಕಿ ಐವರ ಗಡ್ಡೆ ಕುಗ್ಗಿತು, 20 ಜನರಲ್ಲಿ ಬೆಳೆಯದೆ ನಿಂತಿತು. ಹೊಸ ಔಷಧಿಗಳಷ್ಟು ಜೋರಿಲ್ಲ, ಮೈ ಬಾತುಕೊಳ್ಳೋದು, ವಾಕರಿಕೆ ಇದ್ದದ್ದೇ. ಟಿಜಿಸಿಟಿಗೆ ಅಂತ ಅಧಿಕೃತ ಅನುಮತಿಯೂ ಇದಕ್ಕಿಲ್ಲ, ತಜ್ಞರ ತೀರ್ಮಾನದ ಮೇಲಷ್ಟೇ ಕೊಡ್ತಾರೆ. ಆದರೂ ಕೊಳ್ಳೋಕಾಗುತ್ತೆ. ಯಾಕೆ ಕೊಳ್ಳೋಕಾಗುತ್ತೆ ಅನ್ನೋದು ರಾಜಕೀಯದ ಕತೆ. ನೋವಾರ್ಟಿಸ್ ಕಂಪನಿ ತನ್ನ ಗ್ಲಿವೆಕ್‌ಗೆ ಪೇಟೆಂಟ್ ಕೇಳಿತ್ತು. ಹಳೆ ಔಷಧಿಯ ಹೊಸ ರೂಪಕ್ಕೆ, ಗುಣ ನಿಜವಾಗಿ ಹೆಚ್ಚದ ಹೊರತು, ಪೇಟೆಂಟ್ ಇಲ್ಲ ಅನ್ನುತ್ತೆ ನಮ್ಮ ಪೇಟೆಂಟ್ ಕಾಯ್ದೆಯ 3(ಡಿ) ಕಲಂ. 2013ರ ಏಪ್ರಿಲ್ 1ರಂದು ಸುಪ್ರೀಂ ಕೋರ್ಟ್ ಅದನ್ನೇ ಎತ್ತಿಹಿಡಿದು ಅರ್ಜಿ ತಳ್ಳಿಹಾಕಿತು. ಆಗ ಗ್ಲಿವೆಕ್‌ಗೆ ತಿಂಗಳಿಗೆ ಲಕ್ಷಕ್ಕೂ ಮೇಲೆ, ಇಲ್ಲಿನ ಜೆನೆರಿಕ್‌ಗೆ ಅದರ ಹತ್ತರಲ್ಲಿ ಒಂದು ಪಾಲಿನಷ್ಟು. ವಿದೇಶಿ ವ್ಯಾಪಾರ ಒಪ್ಪಂದಗಳ ಮಾತುಕತೆಯಲ್ಲಿ ಪೇಟೆಂಟ್ ನಿಯಮ ಸಡಿಲಿಸಿ ಅನ್ನುವ ಒತ್ತಡ ಬಂದಾಗಲೆಲ್ಲ ಈ ಮಾತ್ರೆ ನೆನಪಾಗಬೇಕು.

ಲೆಕ್ಕದಲ್ಲಿ ಇಲ್ಲದವರು

ಎಷ್ಟು ಜನರಿಗೆ ಈ ಕಾಯಿಲೆ ಇದೆ? ಹಳೆಯ ಅಮೆರಿಕನ್ ಲೆಕ್ಕ ವರ್ಷಕ್ಕೆ ಹತ್ತು ಲಕ್ಷಕ್ಕೆ 1.8. ನೆದರ್‌ಲ್ಯಾಂಡ್ಸ್‌ನಲ್ಲಿ ಇಡೀ ದೇಶದ ಪೆಥಾಲಜಿ ವರದಿಗಳು ಒಂದೇ ಕಡೆ ದಾಖಲಾಗುತ್ತವೆ. ಅದನ್ನು ಜಾಲಾಡಿದಾಗ ಹಬ್ಬಿದ ಬಗೆಯೊಂದೇ ಹತ್ತು ಲಕ್ಷಕ್ಕೆ ಸುಮಾರು 4 ಅಂತ ಗೊತ್ತಾಯಿತು. ಅದೇ ದರವನ್ನು 2011ರ ಜನಗಣತಿಯ 6.1 ಕೋಟಿ ಕನ್ನಡನಾಡಿಗೆ ಹಚ್ಚಿದರೆ ವರ್ಷಕ್ಕೆ ಇನ್ನೂರೈವತ್ತರ ಹತ್ತಿರ ಹೊಸ ರೋಗಿಗಳು. ಇದು ಬರೀ ಗುಣಾಕಾರ, ನಿಜ. ಎಣಿಸಿದ ಸಂಖ್ಯೆ ನಮ್ಮಲ್ಲಿಲ್ಲ. ಬೆಂಗಳೂರಿನ ಕಿದ್ವಾಯಿ ಸಂಸ್ಥೆ 1980ರ ದಶಕದಿಂದಲೂ ಕ್ಯಾನ್ಸರ್ ನೋಂದಣಿ ಮಾಡುತ್ತಿದೆ, ಅದು ಎಣಿಸೋದು ಕ್ಯಾನ್ಸರನ್ನು.

ಹಾಗಾದರೆ ಅಪರೂಪದ ಕಾಯಿಲೆ ಅಂತಲಾದರೂ ನೆರವು ಸಿಗುತ್ತಾ? ಕೇಂದ್ರದ 2021ರ ಅಪರೂಪದ ಕಾಯಿಲೆಗಳ ನೀತಿಯಲ್ಲಿ ರೋಗಿಗೆ 50 ಲಕ್ಷದವರೆಗೂ ಅವಕಾಶವಿದೆ, ಆದರೆ ಪಟ್ಟಿಯಲ್ಲಿರುವ ಕಾಯಿಲೆಗಳಿಗೆ ಮಾತ್ರ. ಆ ಪಟ್ಟಿ ಬಹುಪಾಲು ಮಕ್ಕಳಲ್ಲಿ ಕಾಣುವ ಆನುವಂಶಿಕ ಕಾಯಿಲೆಗಳದ್ದು. ಟಿಜಿಸಿಟಿ ಆನುವಂಶಿಕವಲ್ಲ, ಪಟ್ಟಿಯಲ್ಲೂ ಇಲ್ಲ. ಅಂಗವೈಕಲ್ಯ ಪ್ರಮಾಣಪತ್ರಕ್ಕೆ ಹೋದರೆ ಶೇ. 40ರ ಗೆರೆ. ಮಂಡಿ ಎಷ್ಟು ಮಡಚುತ್ತೆ ಅನ್ನೋದನ್ನು ಅಳೆಯಬಹುದು. ಇವತ್ತು ಊದಿ ನಾಳೆ ಇಳಿಯುವ ಕಾಲಿನಲ್ಲಿ ದಿನಕ್ಕೆ ಎಂಟು ಗಂಟೆ ನಿಂತು ಕೆಲಸ ಮಾಡಲಾಗದ ಗಾರ್ಮೆಂಟ್ಸ್ ಕಾರ್ಮಿಕಳ ನೋವು ಅಷ್ಟು ಸುಲಭಕ್ಕೆ ಆ ಅಳತೆಗೆ ಸಿಗಲ್ಲ. ಉಳಿಯೋದು ಆಯುಷ್ಮಾನ್ ಭಾರತ್-ಆರೋಗ್ಯ ಕರ್ನಾಟಕ: ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷದವರೆಗೆ, ಎಪಿಎಲ್‌ನವರಿಗೆ ಪ್ಯಾಕೇಜ್ ದರದ ಶೇ. 30ರಷ್ಟು. ತಮ್ಮ ಸರ್ಜರಿ ಯಾವ ಪ್ಯಾಕೇಜ್‌ನಡಿ ಬರುತ್ತೆ ಅಂತ ದಾಖಲಾಗುವ ಮೊದಲೇ ಆಸ್ಪತ್ರೆಯ ಆರೋಗ್ಯಮಿತ್ರರನ್ನು ಕೇಳಿ, ಉತ್ತರವನ್ನು ಬರವಣಿಗೆಯಲ್ಲಿ ಪಡೆಯಿರಿ.

ಈಗಾಗಲೇ ಸರ್ಜರಿ ಆದವರು ಡಿಸ್ಚಾರ್ಜ್ ಚೀಟಿಯೊಂದನ್ನೇ ನಂಬಿಕೊಂಡು ಕೂರಬೇಡಿ. ಎಂಆರ್‌ಐ ಸಿಡಿ, ಬಯಾಪ್ಸಿ ವರದಿ, ಜೊತೆಗೆ ಗಾಜಿನ ಸ್ಲೈಡು ಮತ್ತು ಮೇಣದ ಬ್ಲಾಕನ್ನು ಕೇಳಿ ತೆಗೆದುಕೊಳ್ಳಿ. ಗಡ್ಡೆ ಐದು ವರ್ಷದ ಮೇಲೂ ಮರಳಬಹುದು, ಆಗ ಹೊಸ ಡಾಕ್ಟರು ಮೊದಲು ಕೇಳೋದು ಅವನ್ನೇ.